ಕವಿಯ ಮಂತ್ರ ಕವಿಗೇ ಫಲಿಸೋದಿಲ್ಲ

ಶನಿವಾರ ರಾತ್ರಿ ಎಂಟು ಗಂಟೆ. ಬೆಂಗಳೂರಿನ ಒಂದು ಬಾಡಿಗೆ ಮನೆ, ಊಟದ ಮೇಜಿನ ಸುತ್ತ ಐದು ಜನ. ಮಧ್ಯದಲ್ಲಿ ಚುರುಮುರಿ ತಟ್ಟೆ, ಪಕ್ಕದಲ್ಲಿ ಇಪ್ಪತ್ತು ಮುಖದ ದಾಳಗಳು. ಕಥೆಯ ಪ್ರಕಾರ ನಾವು ಈಗಷ್ಟೇ ಒಂದು ಗುಹೆ ಹೊಕ್ಕಿದ್ದೇವೆ. ಎದುರಿಗೆ ಒಂದು ಗಾಬ್ಲಿನ್, ಕೈಯಲ್ಲಿ ಕತ್ತಿ. ನಮ್ಮ ಯೋಧೆ ಗಾಯವಾಗಿ ಗೋಡೆಗೊರಗಿದ್ದಾಳೆ. ಸರದಿ ನನ್ನದು. ನಾನು ಕವಿ.

"ಏನ್ ಮಾಡ್ತೀಯ?" ಅಂತ ಕೇಳಿದ ಕಥೆ ನಡೆಸುತ್ತಿದ್ದ ಗೆಳೆಯ.

ನಾನು ಗಾಬ್ಲಿನ್ನಿಗೆ ಬೈಯಬೇಕಿತ್ತು. ನಿಜ, ಈ ಆಟದಲ್ಲಿ ಕವಿಯ ಮೊದಲ ಮಂತ್ರವೇ ಬೈಗುಳ. ಮನಸ್ಸಿನಲ್ಲಿ ವಾಕ್ಯ ಸಿದ್ಧವಾಗಿತ್ತು. ಬಾಯಿ ತೆರೆದೆ. "ಮ... ಮ... ಮ..." ಅಲ್ಲಿಗೆ ನಿಂತಿತು.

ನನಗೆ ತೊದಲು. ಐದಾರು ವರ್ಷದವನಿದ್ದಾಗಿನಿಂದ ಇದೆ, ಈಗ ಮೂವತ್ತೊಂದು. ತೊದಲುವ ಬಹಳ ಜನರಿಗೆ ಎಲ್ಲಕ್ಕಿಂತ ಕಷ್ಟದ ಪದ ತಮ್ಮದೇ ಹೆಸರು. ಬೇರೆ ಪದ ಸಿಕ್ಕಿಹಾಕಿಕೊಂಡರೆ ಅದೇ ಅರ್ಥದ ಇನ್ನೊಂದನ್ನು ಹಾಕಿ ಜಾರಿಕೊಳ್ಳಬಹುದು, ಹೆಸರಿಗೆ ಆ ಸೌಕರ್ಯ ಇಲ್ಲ. ಆಫೀಸಿನ ದಿನದ ಸ್ಟ್ಯಾಂಡಪ್‌ನಲ್ಲಿ "ಮೈಕ್ ಸರಿಯಿಲ್ಲ" ಅಂತ ಚಾಟ್‌ನಲ್ಲಿ ಟೈಪ್ ಮಾಡಿ, ಹೇಳಬೇಕಾದ್ದನ್ನೂ ಅಲ್ಲೇ ಬರೆದು ಎಷ್ಟೋ ವರ್ಷ ದೂಡಿದ್ದೇನೆ. ನನ್ನ ಮೈಕ್ ಯಾವತ್ತೂ ಸರಿಯಾಗೇ ಇತ್ತು.

ಹತ್ತು ಸೆಕೆಂಡ್ ಆಯಿತು, ಇಪ್ಪತ್ತಾಯಿತು. ಮೇಜಿನ ಸುತ್ತ ಯಾರೂ ನನ್ನ ಪದವನ್ನು ತಾವು ಪೂರ್ತಿ ಮಾಡಲಿಲ್ಲ. ಮೊಬೈಲ್ ಕಡೆಗೂ ನೋಡಲಿಲ್ಲ. ಕಥೆ ನಡೆಸುವವನು ತಣ್ಣಗೆ ಹೇಳಿದ: "ನಿಧಾನ. ಗಾಬ್ಲಿನ್ ಕಾಯ್ತಾ ಇದೆ."

ಕತ್ತಿ ಎತ್ತಿಕೊಂಡು, ಸೊಂಟದ ಮೇಲೆ ಕೈಯಿಟ್ಟು, ನನ್ನ ಮಾತಿಗಾಗಿ ಕಾಯುತ್ತಾ ನಿಂತಿರುವ ಗಾಬ್ಲಿನ್ ಕಣ್ಣಮುಂದೆ ಬಂತು. ಮೊದಲು ನಗು ಬಂದದ್ದು ನನಗೇ. ಆ ನಗುವಿನ ಹಿಂದೆಯೇ ಮಾತೂ ಬಂತು: "ಮನೇಲಿ ನಿಮ್ಮಮ್ಮಂಗೆ ಗೊತ್ತೇನೋ, ನೀನು ಹೀಗೆ ಕತ್ತಿ ಹಿಡ್ಕೊಂಡು ತಿರುಗ್ತೀಯ ಅಂತ?"

ನಾಲ್ಕು ಮುಖದ ದಾಳ ಎಸೆದೆ. ಬಿದ್ದದ್ದು ಒಂದು. ಅಂದರೆ ಗಾಬ್ಲಿನ್ನಿಗೆ ಆದ ಪೆಟ್ಟು ಸೊಳ್ಳೆ ಕಚ್ಚಿದಷ್ಟು. ಆದರೆ ಈ ಮಂತ್ರಕ್ಕೆ ಇನ್ನೊಂದು ಗುಣವಿದೆ: ಬೈಸಿಕೊಂಡವನ ಮುಂದಿನ ಏಟು ಹದ ತಪ್ಪುತ್ತದೆ. ಗಾಬ್ಲಿನ್ ಬೀಸಿದ ಕತ್ತಿ ಗೋಡೆಗೆ ಬಡಿಯಿತು. ಯೋಧೆ ಉಳಿದುಕೊಂಡಳು.

ಅನುಬಂಧದಲ್ಲಿ ಹುಟ್ಟಿದ ಕವಿ

ಇದು 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಅನ್ನೋ ಆಟ. 'ಸ್ಟ್ರೇಂಜರ್ ಥಿಂಗ್ಸ್' ನೋಡಿದವರಿಗೆ ಹೆಸರು ಗೊತ್ತಿರುತ್ತೆ. 1974ರಲ್ಲಿ ಅಮೆರಿಕದಲ್ಲಿ ಮೊದಲು ಪ್ರಕಟವಾಯಿತು. ಒಬ್ಬೊಬ್ಬರದು ಒಂದೊಂದು ಪಾತ್ರ: ಯೋಧ, ಮಾಂತ್ರಿಕ, ಕಳ್ಳ, ಪುರೋಹಿತ, ಹೀಗೆ. ಕಥೆ ನಡೆಸುವವನನ್ನು ಡಂಜನ್ ಮಾಸ್ಟರ್ ಅಂತಾರೆ. ಯಕ್ಷಗಾನದ ಭಾಗವತರನ್ನು ನೆನೆಸಿಕೊಂಡರೆ ಅವನ ಕೆಲಸ ಬೇಗ ಅರ್ಥವಾಗುತ್ತೆ. ಏನು ಮಾಡ್ತೀವಿ ಅಂತ ನಾವು ಹೇಳ್ತೀವಿ, ಅದು ಆಯಿತೋ ಇಲ್ಲವೋ ಅಂತ ದಾಳ ಹೇಳುತ್ತೆ.

ಇದರಲ್ಲಿ 'ಬಾರ್ಡ್' ಅಂತ ಒಂದು ಪಾತ್ರವಿದೆ. ಹಾಡಿನಿಂದ, ಮಾತಿನಿಂದ ಮಾಟ ಮಾಡುವ ಕವಿ. 1976ರಲ್ಲಿ ಆಟದ ಕಂಪನಿಯದೇ ಒಂದು ಪತ್ರಿಕೆಯಲ್ಲಿ ಇವನು ಮೊದಲು ಕಾಣಿಸಿಕೊಂಡ. 1978ರ ಆಟಗಾರರ ಕೈಪಿಡಿಯಲ್ಲಿ ಅವನಿಗೆ ಸಿಕ್ಕ ಜಾಗ ಪುಸ್ತಕದ ಕೊನೆಯಲ್ಲಿದ್ದ ಒಂದು ಅನುಬಂಧ. ಅಲ್ಲೂ ನೇರವಾಗಿ ಕವಿಯಾಗುವ ಹಾಗಿರಲಿಲ್ಲ. ಮೊದಲು ಯೋಧನಾಗಿ ಕೆಲವು ಮೆಟ್ಟಿಲು ಹತ್ತಬೇಕು, ಅದನ್ನು ಬಿಟ್ಟು ಕಳ್ಳನಾಗಬೇಕು, ಆಮೇಲೆ ಕವಿ. ಎಂಜಿನಿಯರಿಂಗ್ ಮುಗಿಸಿ, ಒಂದಷ್ಟು ವರ್ಷ ಕೆಲಸ ಮಾಡಿ, ಆಮೇಲೆ 'ನಂಗೆ ಬರೆಯೋದಿಷ್ಟ' ಅಂತ ಮನೆಯಲ್ಲಿ ಹೇಳುವ ನಮ್ಮವರ ದಾರಿಗೂ ಇದಕ್ಕೂ ಹೆಚ್ಚು ವ್ಯತ್ಯಾಸ ಇಲ್ಲ.

ಈಗ ಅವನು ಉಳಿದವರ ಸಮಕ್ಕೆ ಕೂರುತ್ತಾನೆ, ಆದರೂ ಗೇಲಿ ತಪ್ಪಿಲ್ಲ. 'ಡ್ರ್ಯಾಗನ್ ಬಂದಾಗ ಇವನು ವೀಣೆ ಬಾರಿಸ್ತಾನಂತೆ' ಅನ್ನೋ ಜೋಕ್ ನಮ್ಮ ಗುಂಪಿನಲ್ಲೂ ಇತ್ತು. ಎರಡು ವರ್ಷ ನಾನು ಯೋಧನಾಗಿದ್ದೆ. ಕಾರಣ ಶೌರ್ಯ ಅಲ್ಲ. ಯೋಧ "ಹೊಡಿತೀನಿ" ಅಂದರೆ ಸಾಕು, ಸರದಿ ಮುಗಿಯುತ್ತೆ. ಕವಿಯಾಗಿದ್ದ ಗೆಳೆಯ ಕೆಲಸ ಸಿಕ್ಕಿ ಟೊರಾಂಟೊಗೆ ಹೋದ. ಅವನ ಜಾಗಕ್ಕೆ ಬರಲು ಯಾರೂ ಒಪ್ಪಲಿಲ್ಲ. "ನೀನೇ ಆಗು" ಅಂತ ಹಾಳೆ ನನ್ನ ಕೈಗೆ ಬಂತು. "ನಂಗಾಗಲ್ಲ" ಅನ್ನುವುದಕ್ಕೂ ತೊದಲಿದೆ. ಅಷ್ಟರಲ್ಲಿ ತೀರ್ಮಾನವಾಗಿ ಹೋಗಿತ್ತು.

ಮನೆಗೆ ಬಂದು 2014ರ ಆವೃತ್ತಿಯ ನಿಯಮಗಳನ್ನು ಓದಿದೆ. ಕವಿಯ ಮುಖ್ಯ ಶಕ್ತಿ ಬೈಗುಳವಲ್ಲ, ಧೈರ್ಯ ತುಂಬುವುದು. ಕವಿ ಒಂದು ಮಾತು ಹೇಳುತ್ತಾನೆ, ಇಲ್ಲವೇ ಒಂದು ಸೊಲ್ಲು ಹಾಡುತ್ತಾನೆ. ಕೇಳಿದವನಿಗೆ ಒಂದು ಹೆಚ್ಚುವರಿ ದಾಳ ಸಿಗುತ್ತೆ. ಮುಂದಿನ ಹತ್ತು ನಿಮಿಷದೊಳಗೆ ಯಾವುದಾದರೂ ಕಷ್ಟದ ಗಳಿಗೆಯಲ್ಲಿ ಅವನು ಅದನ್ನು ಎಸೆದು ತನ್ನ ಲೆಕ್ಕಕ್ಕೆ ಸೇರಿಸಿಕೊಳ್ಳಬಹುದು. ಷರತ್ತು ಎರಡು. ಒಂದು, ಅವನಿಗೆ ಕವಿಯ ದನಿ ಕೇಳಿಸಬೇಕು. ಎರಡು, ಅದನ್ನು ಬೇರೆಯವರಿಗೆ ಮಾತ್ರ ಕೊಡಬಹುದು, ಕವಿ ತನಗೇ ಕೊಟ್ಟುಕೊಳ್ಳುವಂತಿಲ್ಲ.

ನಮ್ಮ ಭಾಷೆಯಲ್ಲಿ ಹೇಳಬೇಕೆಂದರೆ, ಅವನ ಕೋಡ್ ಅವನ ಮೆಷಿನ್‌ನಲ್ಲಿ ಮಾತ್ರ ಓಡೋದಿಲ್ಲ. ಈ ಎರಡನೇ ಷರತ್ತು ನನ್ನ ತಲೆಯಲ್ಲಿ ಕೂತುಬಿಟ್ಟಿತು.

ಮೂರು ಮಾತು ಸಿಗದ ಮುದುಕ

ಈ ಕವಿ ಎಲ್ಲಿಂದ ಬಂದ ಅಂತ ಹುಡುಕುತ್ತಾ ಹೋದೆ. ಮೊದಲು ಸಿಕ್ಕಿದ್ದು ಐರ್ಲೆಂಡಿನ ಹಳೇ ಕಥೆ. ಬ್ರೆಸ್ ಅನ್ನೋ ರಾಜನ ಮನೆಗೆ ಕವಿಯೊಬ್ಬ ಬಂದ. ಬೆಂಕಿಯೂ ಇಲ್ಲದ ಕತ್ತಲೆ ಕೋಣೆ ಕೊಟ್ಟರು, ಮೂರು ಒಣಕಲು ರೊಟ್ಟಿ ಕೊಟ್ಟರು. ಬೆಳಿಗ್ಗೆ ಎದ್ದವನು ರಾಜನನ್ನು ಹಂಗಿಸಿ ಪದ್ಯ ಹೇಳಿ ಹೊರಟುಹೋದ. ಅಲ್ಲಿಂದ ಆ ರಾಜನಿಗೆ ಏಳಿಗೆಯೇ ಇಲ್ಲ. ನನ್ನ ಗಾಬ್ಲಿನ್ ಬೈಗುಳದ ಮುತ್ತಜ್ಜ ಇವನೇ ಇರಬೇಕು.

ಅಲ್ಲಿಂದ ಫಿನ್ಲೆಂಡಿಗೆ ಬಂದೆ. ಎಲಿಯಾಸ್ ಲೊನ್‌ರೋಟ್ ಅನ್ನೋ ವೈದ್ಯ ಹಳ್ಳಿಹಳ್ಳಿ ಸುತ್ತಿ, ಜನ ಬಾಯಲ್ಲಿ ಹಾಡುತ್ತಿದ್ದ ಪದಗಳನ್ನು ಬರೆದುಕೊಂಡು, ಹೊಂದಿಸಿ ಪೋಣಿಸಿದ ಮಹಾಕಾವ್ಯ 'ಕಲೆವಾಲ'. ಮೊದಲ ರೂಪ 1835ರಲ್ಲಿ ಬಂತು. 1849ರ ದೊಡ್ಡ ರೂಪದಲ್ಲಿ 50 ಅಧ್ಯಾಯ, 22,000ಕ್ಕೂ ಹೆಚ್ಚು ಸಾಲು. ಅದರ ನಾಯಕ ವೈನಾಮೊಯಿನೆನ್ ಗಡ್ಡದ ಮುದುಕ. ಅವನ ಬಲ ಇರುವುದು ಹಾಡಿನಲ್ಲಿ.

ಒಬ್ಬ ಸೊಕ್ಕಿನ ಹುಡುಗ ದಾರಿಗೆ ಅಡ್ಡ ಬಂದು ಹಾಡಿನ ಪಂದ್ಯಕ್ಕೆ ಕರೆಯುತ್ತಾನೆ. ಮುದುಕ ಹಾಡಲು ಶುರು ಮಾಡಿದರೆ ಹುಡುಗನ ಕುದುರೆ ಬಂಡೆಯಾಗುತ್ತೆ, ಚಾವಟಿ ಜೊಂಡಾಗುತ್ತೆ, ಹುಡುಗ ಕೆಸರಲ್ಲಿ ಬಾಯಿಮಟ್ಟ ಹೂತುಹೋಗ್ತಾನೆ. ಈ ಭಾಗ ಓದಿ ಖುಷಿಪಟ್ಟೆ. ಶಾಲೆಯಲ್ಲಿ ನನ್ನ ತೊದಲನ್ನು ಅನುಕರಿಸುತ್ತಿದ್ದ ಒಂದಿಬ್ಬರನ್ನು ಮನಸ್ಸಿನಲ್ಲೇ ಕೆಸರಿಗೆ ಇಳಿಸಿದ್ದೂ ಆಯಿತು.

ಆದರೆ ನಾನು ಮತ್ತೆ ಮತ್ತೆ ಓದಿದ್ದು ಹದಿನಾರು, ಹದಿನೇಳನೇ ಅಧ್ಯಾಯ. ವೈನಾಮೊಯಿನೆನ್ ಹಾಡಿನಿಂದಲೇ ದೋಣಿ ಕಟ್ಟುತ್ತಿದ್ದಾನೆ. ಒಂದೊಂದು ಹಾಡಿಗೆ ಒಂದೊಂದು ಹಲಗೆ ಕೂಡಿಕೊಳ್ಳುತ್ತೆ. ಕೊನೆಗೆ ಬಂದಾಗ ಮೂರೇ ಮೂರು ಮಾತು ಸಿಗೋದಿಲ್ಲ. ದೋಣಿ ಅಲ್ಲಿಗೇ ನಿಲ್ಲುತ್ತೆ. ಜಗತ್ತಿನ ಅತಿ ದೊಡ್ಡ ಹಾಡುಗಾರ, ನಾಲಿಗೆ ಮೇಲೆ ಮೂರು ಮಾತು ಇಲ್ಲದೆ ದಡದಲ್ಲಿ ನಿಂತಿದ್ದಾನೆ. ಆ ನಿಲ್ಲುವಿಕೆ ಎಂಥದ್ದು ಅಂತ ನನಗೆ ಗೊತ್ತು.

ಅವನು ಹಕ್ಕಿಗಳ ತಲೆಯಲ್ಲಿ ಹುಡುಕುತ್ತಾನೆ, ಸತ್ತವರ ಲೋಕಕ್ಕೆ ಹೋಗಿ ಬರಿಗೈಯಲ್ಲಿ ತಪ್ಪಿಸಿಕೊಂಡು ಬರುತ್ತಾನೆ. ಕೊನೆಗೆ ಆಂತೆರೊ ವಿಪುನೆನ್ ಅನ್ನೋ ದೈತ್ಯನ ಹತ್ತಿರ ಹೋಗ್ತಾನೆ. ಅವನು ಎಷ್ಟು ಕಾಲದಿಂದ ಮಲಗಿದ್ದಾನೆ ಅಂದರೆ ಮೈಮೇಲೆ ಮರಗಳೇ ಬೆಳೆದಿವೆ. ದೈತ್ಯ ಇವನನ್ನು ನುಂಗಿಬಿಡ್ತಾನೆ. ಮುದುಕ ಹೊಟ್ಟೆಯೊಳಗೇ ಕುಲುಮೆ ಹೂಡಿ ಸುತ್ತಿಗೆ ಬಡಿಯಲು ಶುರು ಮಾಡ್ತಾನೆ. ತಡೆಯಲಾರದೆ ದೈತ್ಯ ತನಗೆ ಗೊತ್ತಿರುವ ಹಾಡನ್ನೆಲ್ಲ ಹಗಲೂ ರಾತ್ರಿ ಹಾಡ್ತಾನೆ. ಕೇಳಲು ಸೂರ್ಯ ಚಂದ್ರರೂ ನಿಲ್ಲುತ್ತಾರೆ. ಮೂರು ಮಾತು ಅಲ್ಲಿ ಸಿಗುತ್ತವೆ. ಅಷ್ಟು ದೊಡ್ಡ ಹಾಡುಗಾರನಿಗೂ ಬೇಕಾದ ಮಾತು ಇನ್ನೊಬ್ಬನ ಹತ್ತಿರ ಇತ್ತು. ಕಾವ್ಯದ ಕೊನೆಗೆ ಅವನು ತಾಮ್ರದ ದೋಣಿಯಲ್ಲಿ ಹೊರಟುಹೋಗುವಾಗ ತನ್ನ ವಾದ್ಯವನ್ನೂ ಹಾಡುಗಳನ್ನೂ ಜನಕ್ಕೆ ಬಿಟ್ಟು ಹೋಗ್ತಾನೆ.

ಗೋಡೆ ದಾಟಿದ ದನಿ

'ಲಾರ್ಡ್ ಆಫ್ ದ ರಿಂಗ್ಸ್' ಬರೆದ ಟೋಲ್ಕಿನ್ ಹುಡುಗನಾಗಿದ್ದಾಗಲೇ 'ಕಲೆವಾಲ'ಕ್ಕೆ ಮನಸೋತವನು. ಅವನ ಎಲ್ಫ್ ಭಾಷೆಗಳಲ್ಲೊಂದರ ಮೇಲೆ ಫಿನ್ನಿಷ್ ಭಾಷೆಯ ನೆರಳಿದೆ. ಅವನು ಕಟ್ಟಿದ ಜಗತ್ತು ಹುಟ್ಟುವುದೇ ಸಂಗೀತದಿಂದ. ಅಲ್ಲೂ ಹಾಡಿನ ಪಂದ್ಯವಿದೆ, ಆದರೆ ಅಲ್ಲಿ ಒಳ್ಳೆಯವನು ಸೋಲುತ್ತಾನೆ.

1977ರಲ್ಲಿ, ಅವನು ತೀರಿಕೊಂಡ ಮೇಲೆ ಬಂದ 'ಸಿಲ್ಮರಿಲಿಯನ್'ನಲ್ಲಿ ಫಿನ್‌ರಾಡ್ ಅನ್ನೋ ಎಲ್ಫ್ ರಾಜನಿದ್ದಾನೆ. ಬೆರೆನ್‌ನ ಅಪ್ಪನಿಗೆ ಕೊಟ್ಟ ಮಾತಿಗಾಗಿ ವೇಷ ಮರೆಸಿಕೊಂಡು ಹೊರಟವನು ಸೌರಾನ್ ಕೈಗೆ ಸಿಕ್ಕಿಬೀಳ್ತಾನೆ. ಇಬ್ಬರೂ ಮಂತ್ರದ ಹಾಡುಗಳಿಂದ ಕಾದಾಡುತ್ತಾರೆ. ಫಿನ್‌ರಾಡ್ ಸೋಲುತ್ತಾನೆ, ವೇಷ ಕಳಚುತ್ತೆ, ಎಲ್ಲರನ್ನೂ ಕತ್ತಲ ಗುಂಡಿಗೆ ತಳ್ಳುತ್ತಾರೆ. ಬೆರೆನ್‌ನನ್ನು ತಿನ್ನಲು ತೋಳ ಬಂದಾಗ ಫಿನ್‌ರಾಡ್ ಬರಿಗೈಯಲ್ಲಿ ಅದನ್ನು ಕೊಂದು ತಾನೂ ಸಾಯುತ್ತಾನೆ. ಆಮೇಲೆ ಬೆರೆನ್‌ನನ್ನು ಪ್ರೀತಿಸಿದ ಲೂಥಿಯನ್ ಹೊರಗಿನ ಸೇತುವೆಯ ಮೇಲೆ ನಿಂತು ಹಾಡುತ್ತಾಳೆ. ಆ ಹಾಡು ಕಲ್ಲುಗೋಡೆ ದಾಟಿ ಒಳಗಿಳಿಯುತ್ತೆ. ಬೆರೆನ್ ಗುಂಡಿಯೊಳಗಿಂದ ತಿರುಗಿ ಹಾಡುತ್ತಾನೆ.

ಇದೇ ಗಳಿಗೆಯನ್ನು ಟೋಲ್ಕಿನ್ 1955ರ 'ರಿಟರ್ನ್ ಆಫ್ ದ ಕಿಂಗ್'ನಲ್ಲಿ ಒಬ್ಬ ತೋಟದ ಮಾಲಿಗೆ ಕೊಟ್ಟಿದ್ದಾನೆ. ಶತ್ರುಗಳ ಗೋಪುರದಲ್ಲಿ ಫ್ರೋಡೊ ಎಲ್ಲಿದ್ದಾನೆ ಅಂತ ಹುಡುಕಿ ಸೋತ ಸ್ಯಾಮ್, ಕತ್ತಲಲ್ಲಿ ಮೆಟ್ಟಿಲ ಮೇಲೆ ಕುಸಿದು ಕೂರುತ್ತಾನೆ. ದಿಕ್ಕು ತೋಚದೆ, ಸಣ್ಣ ನಡುಗು ದನಿಯಲ್ಲಿ ಒಂದು ಹಾಡು ಹಾಡತೊಡಗುತ್ತಾನೆ. ಮೇಲಿನಿಂದ ಕ್ಷೀಣವಾಗಿ ಒಂದು ದನಿ ಓಗೊಟ್ಟ ಹಾಗಾಗುತ್ತೆ. ಆ ದನಿಯನ್ನು ಅಡಗಿಸಲು ಕಾವಲಿನವನು ಬೊಬ್ಬೆ ಹಾಕುತ್ತಾ ಮೇಲಿನ ಗುಪ್ತ ಬಾಗಿಲಿಗೆ ಏಣಿ ಹಾಕುತ್ತಾನೆ. ಫ್ರೋಡೊ ಇರುವ ಜಾಗ ಹೀಗೆ ಗೊತ್ತಾಗುತ್ತೆ.

ಸ್ಯಾಮ್‌ಗೆ ಒಂದು ಮಂತ್ರವೂ ಬರುವುದಿಲ್ಲ. ದನಿಯೂ ಚೆನ್ನಾಗಿರಲಿಲ್ಲ. ಕೇಳಬೇಕಾದವನ ಕಿವಿಗೆ ಬಿತ್ತು, ಅಷ್ಟೇ. ಸೌರಾನ್ ಮುಂದೆ ಗೆಲ್ಲಲು ಹಾಡಿದ ರಾಜನ ಹಾಡು ಸೋತಿತು. ಒಳಗೆ ಇನ್ನೊಬ್ಬನಿದ್ದಾನೆ ಅಂತ ನಂಬಿ ಹಾಡಿದ ಇಬ್ಬರ ಹಾಡೂ ತಲುಪಿತು. ಅದೇ ಆಟದ ನಿಯಮ ಇಲ್ಲೂ ಇದೆಯಲ್ಲ ಅನ್ನಿಸಿತು.

ಜಗಲಿಯ ಮೇಲೆ ವಿರಾಟಪರ್ವ

ಇದನ್ನೆಲ್ಲ ಓದುವಾಗ ನೆನಪಾಗುತ್ತಿದ್ದವರು ನಮ್ಮಜ್ಜ. ನಮ್ಮದು ಶಿವಮೊಗ್ಗ ಜಿಲ್ಲೆ. ಪಕ್ಕದ ಹೊಸಹಳ್ಳಿ ಗಮಕಕ್ಕೆ ಹೆಸರಾದ ಊರು. ನಮ್ಮೂರಿಗೆ ಅಷ್ಟು ಹೆಸರಿಲ್ಲ, ಆದರೂ ಅಜ್ಜ ಕುಮಾರವ್ಯಾಸನನ್ನು ಓದುತ್ತಿದ್ದರು. ಗಮಕ ಅಂದರೆ ಇಬ್ಬರ ಕೆಲಸ. ಒಬ್ಬರು ಪದ್ಯವನ್ನು ರಾಗವಾಗಿ ವಾಚಿಸ್ತಾರೆ, ಇನ್ನೊಬ್ಬರು ಅರ್ಥ ಬಿಡಿಸಿ ಹೇಳ್ತಾರೆ. ಅಜ್ಜ ವಾಚನ, ಪಕ್ಕದ ಮನೆಯ ಮೇಷ್ಟ್ರು ವ್ಯಾಖ್ಯಾನ.

ಮಂತ್ರಶಕ್ತಿಯ ಕವಿ ಅಂದರೆ ನಮಗೆ ಕುಮಾರವ್ಯಾಸನೇ. ಗದುಗಿನ ವೀರನಾರಾಯಣನ ಗುಡಿಯಲ್ಲಿ ಒದ್ದೆ ಬಟ್ಟೆಯುಟ್ಟು ಕೂತರೆ, ಆ ಬಟ್ಟೆ ಆರುವವರೆಗೆ ಪದ್ಯ ಹರಿಯುತ್ತಿತ್ತು ಅನ್ನೋದು ಐತಿಹ್ಯ. ಸೆಷನ್ ಟೈಮ್‌ಔಟ್ ಇದ್ದ ಕವಿ! ಮಳೆ ಬಾರದ ವರ್ಷ ವಿರಾಟಪರ್ವ ಓದಿಸಿದರೆ ಮಳೆಯಾಗುತ್ತೆ ಅನ್ನೋ ನಂಬಿಕೆ ನಾಡಿನ ಬಹಳ ಕಡೆ ಇದೆ, ನಮ್ಮೂರಲ್ಲೂ ಇತ್ತು.

ನನಗೆ ಎಂಟು ವರ್ಷವಿದ್ದಾಗ ಅಂಥದ್ದೊಂದು ಓದು ನಡೆಯಿತು. ಅಜ್ಜ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು "ನನ್ನ ಜೊತೆ ಹೇಳು" ಅಂದರು. ಹೇಳಿದೆ. ಒಂದು ಕಡೆಯೂ ತೊದಲಲಿಲ್ಲ. ತೊದಲುವ ಬಹಳ ಜನ ಹಾಡುವಾಗ, ಇನ್ನೊಬ್ಬರ ಜೊತೆ ದನಿಗೂಡಿಸಿ ಹೇಳುವಾಗ ತೊದಲುವುದಿಲ್ಲ. ಅದೊಂದು ಗೊತ್ತಿರುವ ಸಂಗತಿ ಅಂತ ಈಗ ತಿಳಿದಿದೆ, ಆಗ ನನಗದು ಪವಾಡ.

ಓದು ಮುಗಿದ ಮೇಲೆ ಹಿರಿಯರೊಬ್ಬರು "ಏನಪ್ಪಾ ನಿನ್ನ ಹೆಸರು?" ಅಂತ ಕೇಳಿದರು. ಪವಾಡ ಅಲ್ಲಿಗೆ ಮುಗಿಯಿತು. ಮೊದಲ ಅಕ್ಷರದಲ್ಲೇ ಸಿಕ್ಕಿಹಾಕಿಕೊಂಡೆ. ಅಮ್ಮ ಆಗಿದ್ದರೆ ಪಾಪ ಅಂತ ತಾನೇ ಹೇಳಿಬಿಡುತ್ತಿದ್ದಳು. ಅಜ್ಜ ಹೇಳಲಿಲ್ಲ. ಪುಸ್ತಕಕ್ಕೆ ಬಟ್ಟೆ ಸುತ್ತುತ್ತಾ ಸುಮ್ಮನೆ ಕೂತರು. ಜಗಲಿ ತುಂಬಾ ಜನ, ಯಾರೂ ಏಳಲಿಲ್ಲ. ಕೊನೆಗೆ ಹೆಸರು ಹೊರಗೆ ಬಂತು.

ಮಳೆ ಬಂತಾ ಅಂತ ಕೇಳಬೇಡಿ, ನನಗೆ ನೆನಪಿಲ್ಲ. ಒಣಗಿದ ಗದ್ದೆ ಬಿಟ್ಟು ಬಂದು ಅಷ್ಟೂ ಜನ ಒಟ್ಟಿಗೆ ಕೂತು ಕೇಳಿದ್ದು, ನಗುವ ಕಡೆ ನಕ್ಕಿದ್ದು, ಹೋಗುವಾಗ ಬಂದದ್ದಕ್ಕಿಂತ ಸ್ವಲ್ಪ ಜೋರಾಗಿ ಮಾತಾಡಿಕೊಂಡು ಹೋದದ್ದು ನೆನಪಿದೆ.

ಹತ್ತೊಂಬತ್ತು ಜನರ ಮೀಟಿಂಗ್

ಈಗ ನಾಲ್ಕು ತಿಂಗಳ ಹಿಂದಿನ ಮಾತು. ಒಂದು ರಾತ್ರಿ ನಮ್ಮ ಪ್ರೊಡಕ್ಷನ್ ಎರಡು ಗಂಟೆ ಬಿದ್ದುಹೋಗಿತ್ತು. ಮಾರನೇ ದಿನ ಬೆಳಿಗ್ಗೆ ಕಾಲ್, ಹತ್ತೊಂಬತ್ತು ಜನ. ಕೊನೆಯ ಬದಲಾವಣೆ ಹಾಕಿದ್ದು ಸೇರಿ ಎಂಟು ತಿಂಗಳಾಗಿದ್ದ ಹುಡುಗಿ. ಪ್ರಶ್ನೆಗಳೆಲ್ಲ ಅವಳ ಕಡೆಗೇ ತಿರುಗಿದ್ದವು. ಟೆಸ್ಟ್ ಮಾಡಿದ್ಯಾ, ಯಾರ ಹತ್ರ ರಿವ್ಯೂ ಮಾಡಿಸಿದೆ, ಹೀಗೆ. ಅವಳು "ಸಾರಿ" ಬಿಟ್ಟು ಬೇರೇನೂ ಹೇಳುತ್ತಿರಲಿಲ್ಲ.

ನಾನು ಲಾಗ್ ನೋಡಿದ್ದೆ. ತಪ್ಪು ಅವಳ ಕೋಡ್‌ನದ್ದಲ್ಲ. ಒಂದು ಟೈಮ್‌ಔಟ್ ಸೆಟ್ಟಿಂಗ್, ಎರಡು ತಿಂಗಳ ಹಿಂದೆ ಬದಲಿಸಿದ್ದು. ಬದಲಿಸಿದವನು ನಾನೇ.

ಅಭ್ಯಾಸದಂತೆ ಚಾಟ್ ತೆರೆದು "ಮೈಕ್..." ಅಂತ ಟೈಪ್ ಮಾಡಲು ಶುರು ಮಾಡಿದೆ. ಆದರೆ ಆ ಗದ್ದಲದಲ್ಲಿ ಚಾಟ್ ಯಾರೂ ನೋಡುತ್ತಿರಲಿಲ್ಲ. ದನಿಯೇ ಬೇಕಿತ್ತು. ಅಳಿಸಿ, ಅನ್‌ಮ್ಯೂಟ್ ಮಾಡಿದೆ.

ಸಿನಿಮಾದಲ್ಲಿ ಆಗುವ ಹಾಗೇನೂ ಆಗಲಿಲ್ಲ. ಮೊದಲ ಪದಕ್ಕೇ ಸಿಕ್ಕಿಬಿದ್ದೆ. "ಹಲೋ? ನೆಟ್‌ವರ್ಕ್ ಪ್ರಾಬ್ಲಮ್ಮಾ?" ಅಂದರು ಒಬ್ಬರು. ಇನ್ನೊಬ್ಬರು ನನ್ನ ಪದವನ್ನು ತಾವೇ ಮುಗಿಸಿದರು, ತಪ್ಪಾಗಿ. ಅಲ್ಲ ಅಂದೆ. ಮತ್ತೆ ಮೊದಲಿಂದ. ಒಂದು ನಿಮಿಷದ ವಿಷಯಕ್ಕೆ ನಾಲ್ಕೈದು ನಿಮಿಷ ಹಿಡಿಯಿತು, ಬೆನ್ನೆಲ್ಲ ಬೆವರಿತ್ತು. ಆದರೆ ಹೇಳಿದೆ: ಸೆಟ್ಟಿಂಗ್ ಯಾವುದು, ಯಾಕೆ ಬಿತ್ತು, ಮಾಡಿದ್ದು ಯಾರು.

ಆಮೇಲೆ ನನಗೆ ಒಂದಷ್ಟು ಬೈಗುಳ ಸಿಕ್ಕಿತು, ಅದು ನ್ಯಾಯವೇ. ಮಧ್ಯಾಹ್ನ ಆ ಹುಡುಗಿಯಿಂದ ಮೆಸೇಜ್ ಬಂತು: "ಥ್ಯಾಂಕ್ಸ್. ಕೆಲಸ ಹೋಗುತ್ತೆ ಅಂತ ಬೆಳಿಗ್ಗೆ ಅಮ್ಮಂಗೆ ಹೇಳಿಬಿಟ್ಟಿದ್ದೆ."

ಇಷ್ಟು ವರ್ಷದಲ್ಲಿ ನನ್ನ ಅಪ್ರೈಸಲ್‌ನಲ್ಲಿ ನನ್ನ ಪರವಾಗಿ ಎರಡು ವಾಕ್ಯ ಹೇಳಿಕೊಳ್ಳಲು ನನ್ನಿಂದ ಆಗಿಲ್ಲ. ಇವತ್ತಿಗೂ ಆಗಿಲ್ಲ. ಅವಳಿಗಾಗಿ ನಾಲ್ಕು ನಿಮಿಷ ಮಾತಾಡಿದೆ. ಆಟದ ಪುಸ್ತಕದಲ್ಲಿ ಬರೆದಿದ್ದು ಇದನ್ನೇ: ಕವಿ ತನ್ನ ದಾಳ ತಾನು ಎಸೆದುಕೊಳ್ಳುವಂತಿಲ್ಲ. ಹಾಗಾದರೆ ಕವಿಗೆ ಧೈರ್ಯ ಯಾರು ಕೊಡಬೇಕು? ನನ್ನ ಲೆಕ್ಕದಲ್ಲಿ, ಅವನ ಮಾತು ಮುಗಿಯುವವರೆಗೆ ಕಾಯುವವರು. ಜಗಲಿಯ ಮೇಲೆ ಅಜ್ಜ ಕಾದರು. ಶನಿವಾರದ ಮೇಜಿನಲ್ಲಿ ನಾಲ್ವರು ಕಾದರು. ಆ ದಾಳಗಳನ್ನು ನಾನು ಎಷ್ಟೋ ದಿನದಿಂದ ಜೇಬಿನಲ್ಲಿ ಇಟ್ಟುಕೊಂಡಿದ್ದೆ ಅನ್ನಿಸುತ್ತೆ.

ನನ್ನ ತೊದಲು ಹೋಗಿಲ್ಲ. ಸ್ಟ್ಯಾಂಡಪ್‌ನಲ್ಲಿ ಈಗಲೂ ಸಿಕ್ಕಿಹಾಕಿಕೊಳ್ತೀನಿ, ಆದರೆ ಮೈಕ್ ಮೇಲೆ ಸುಳ್ಳು ಆರೋಪ ಹೊರಿಸೋದು ನಿಲ್ಲಿಸಿದ್ದೇನೆ. ಕಳೆದ ವಾರ ಆ ಹುಡುಗಿಯೂ ನಮ್ಮ ಆಟಕ್ಕೆ ಬಂದಳು. ಯಾವ ಪಾತ್ರ ಬೇಕು ಅಂದರೆ, "ಕತ್ತಿ ಇರೋದು ಕೊಡಿ" ಅಂದಳು.

ನಿಮ್ಮ ಟೀಮಿನಲ್ಲೂ, ಮನೆಯಲ್ಲೂ ನನ್ನ ಹಾಗೆ ಮಾತು ಸಿಕ್ಕಿಹಾಕಿಕೊಳ್ಳುವವರು ಇರಬಹುದು. ಅವರ ಪದವನ್ನು ನೀವು ಮುಗಿಸಲು ಹೋಗಬೇಡಿ. "ನಿಧಾನ, ಉಸಿರು ತಗೋ" ಅನ್ನೋ ಸಲಹೆಯೂ ಬೇಡ. ಸುಮ್ಮನೆ ಕೂತು ಕೇಳಿ.

ಕೈಯಲ್ಲಿ ಕತ್ತಿ ಇದ್ದ ಗಾಬ್ಲಿನ್ನೇ ಕಾದಿತ್ತು. ನಮಗೇನು ಅಷ್ಟೊಂದು ಅವಸರ?